ವಾತ್ಸಲ್ಯದ ಹೆಸರಿನಲ್ಲಿ ಹಿಂಸಾನಂದ

ಮಗಳ ಮೇಲೆ ತಂದೆಗಿರುವ ಮಮತೆಯು ಗೃಹಸ್ಥಜೀವನದ ಅತ್ಯಂತ ನಿರ್ಮಲವಾದ ಭಾವಗಳಲ್ಲೊಂದು. ಇದರಲ್ಲಿ ಭಿನ್ನಾಭಿಪ್ರಾಯಕ್ಕೆ ಎಡೆಯಿಲ್ಲ. ಆದರೆ ಬೆಲೆಯುಳ್ಳ ವಸ್ತುವಿಗೇ ಪೇಟೆಯಲ್ಲಿ ಕಲಬೆರಕೆಯ ಭಯ ಹೆಚ್ಚು. ತುಪ್ಪಕ್ಕೆ ವನಸ್ಪತಿ ಬೆರೆಸುವವರುಂಟು. ವನಸ್ಪತಿಗೆ ತುಪ್ಪ ಬೆರೆಸಿದವರನ್ನು ಯಾರೂ ಕಂಡಿಲ್ಲ. ಶ್ರಾವಕನ ಅಚೌರ್ಯಾಣುವ್ರತಕ್ಕೆ ಆಚಾರ್ಯರು ಹೇಳಿರುವ ಐದು ಅತಿಚಾರಗಳಲ್ಲಿ ಕೊನೆಯದು ಪ್ರತಿರೂಪಕ ವ್ಯವಹಾರ, ಅಂದರೆ ಹೆಚ್ಚಿನ ಬೆಲೆಯ ಸರಕಿನ ಹೆಸರಿನಲ್ಲಿ ಕೀಳು ಸರಕನ್ನು ಮಾರುವುದು. ಈ ಅತಿಚಾರವು ಅಕ್ಕಿ, ಬೇಳೆ, ಬಂಗಾರಗಳ ಅಂಗಡಿಗೆ ಮಾತ್ರ ಸೀಮಿತವೆಂದು ತಿಳಿಯುವುದು ತಪ್ಪು. ಮನುಷ್ಯನ ಭಾವಗಳನ್ನು ಮಾರುವ ಅಂಗಡಿಗಳಲ್ಲಿ ಅದು ಇನ್ನೂ ನಿರ್ಭಯವಾಗಿ ನಡೆಯುತ್ತಿದೆ. ವಾತ್ಸಲ್ಯವೆಂಬ ಚೀಟಿ ಅಂಟಿಸಿ ಕ್ರೌರ್ಯವನ್ನು ಮಾರುವ ಚಲನಚಿತ್ರಗಳೇ ಇದಕ್ಕೆ ಸಾಕ್ಷಿ.

2017ರ ಸೆಪ್ಟೆಂಬರ್ 22ರಂದು ತೆರೆಕಂಡ ‘ಭೂಮಿ’ ಎಂಬ ಹಿಂದಿ ಚಿತ್ರವನ್ನು ಉದಾಹರಣೆಗೆ ತೆಗೆದುಕೊಳ್ಳಬಹುದು. ಓಮಂಗ್ ಕುಮಾರ್ ಅದರ ನಿರ್ದೇಶಕರು. ಶಿಕ್ಷೆಯ ಅವಧಿ ಮುಗಿಸಿ 2016ರಲ್ಲಿ ಪುಣೆಯ ಯೆರವಡಾ ಸೆರೆಮನೆಯಿಂದ ಹೊರಬಂದ ನಟ ಸಂಜಯ್ ದತ್ ಅವರು ಮತ್ತೆ ಬಣ್ಣ ಹಚ್ಚಿದ ಮೊದಲ ಚಿತ್ರವೆಂದು ಅದು ಪ್ರಚಾರ ಪಡೆಯಿತು. ಆಗ್ರಾ ನಗರದಲ್ಲಿ ಪಾದರಕ್ಷೆಗಳ ಅಂಗಡಿ ನಡೆಸುವ ತಾಯಿಯಿಲ್ಲದ ಮನೆಯ ತಂದೆ. ಅವನ ಕಣ್ಣಬೆಳಕಾದ ಮಗಳು ಭೂಮಿ, ಅಂದರೆ ನಟಿ ಅದಿತಿ ರಾವ್ ಹೈದರಿ. ಮಗಳ ಮದುವೆ ನಿಶ್ಚಯವಾಗಿದೆ. ಆಕೆಯಿಂದ ತಿರಸ್ಕೃತನಾದ ಪರಿಚಿತ ಯುವಕನೊಬ್ಬನು ತನ್ನವರೊಡಗೂಡಿ ಮದುವೆಗೆ ಮುನ್ನ ಆಕೆಯ ಮೇಲೆ ಅತ್ಯಾಚಾರವೆಸಗುತ್ತಾನೆ. ಮದುವೆ ಮುರಿಯುತ್ತದೆ. ನ್ಯಾಯಾಲಯವು ಆರೋಪಿಗಳನ್ನು ಬಿಡುಗಡೆ ಮಾಡುತ್ತದೆ. ಅಲ್ಲಿಂದ ಮುಂದೆ ತಂದೆಯೂ ಮಗಳೂ ಒಬ್ಬೊಬ್ಬರನ್ನಾಗಿ ಹುಡುಕಿ ಸೇಡು ತೀರಿಸಿಕೊಳ್ಳುವುದೇ ಕಥೆ.

ಮೊದಲರ್ಧದ ತಂದೆ-ಮಗಳ ಸ್ನೇಹ, ತಮಾಷೆ, ಮದುವೆಯ ಸಡಗರ ಇವೆಲ್ಲ ಹೃದ್ಯವಾಗಿಯೇ ಇವೆ ಎಂದು ಒಪ್ಪಬೇಕು. ಆದರೆ ಆ ಹೃದ್ಯತೆ ಯಾತಕ್ಕಾಗಿ ಎಂಬುದು ಎರಡನೆಯ ಅರ್ಧದಲ್ಲಿ ತಿಳಿಯುತ್ತದೆ. ಅದು ಪ್ರೇಕ್ಷಕನ ಕೋಪಕ್ಕೆ ಕೊಟ್ಟ ಮುಂಗಡ. ಮಗಳನ್ನು ಎಷ್ಟು ಮುದ್ದಾಗಿ ತೋರಿಸಿದರೆ ಅಷ್ಟು ರಕ್ತವನ್ನು ಕೊನೆಯಲ್ಲಿ ತೋರಿಸಲು ಅಧಿಕಾರ ದೊರೆಯುತ್ತದೆ ಎಂಬ ಲೆಕ್ಕ ಅದರ ಹಿಂದಿದೆ. ಹೆಣ್ಣಿನ ಮಾನಕ್ಕಾಗಿ ಕಣ್ಣೀರಿಡುವ ಇದೇ ಚಿತ್ರವು ನಡುವೆ ಕಥೆಗೆ ಬೇಕಿಲ್ಲದ ಒಂದು ಮಾದಕ ನೃತ್ಯವನ್ನೂ ಇಟ್ಟಿದೆ. ಒಂದೇ ಟಿಕೆಟ್ಟಿನಲ್ಲಿ ಕಾಮಕ್ಕೂ ಕ್ರೋಧಕ್ಕೂ ಉಣಿಸು! ಹೆಣ್ಣನ್ನು ಕಣ್ಣಿನ ತಿನಿಸಾಗಿ ಒಡ್ಡಿ, ಆಮೇಲೆ ಅವಳ ಮೇಲಾದ ಅನ್ಯಾಯಕ್ಕಾಗಿ ಹಲ್ಲು ಕಡಿಯುವವರ ಶೋಕವನ್ನು ಎಷ್ಟರಮಟ್ಟಿಗೆ ನಂಬಬೇಕು?

ಈ ಚಿತ್ರ ಒಂಟಿಯಲ್ಲ. ಅದೇ 2017ರ ಜನವರಿಯಲ್ಲಿ ‘ಕಾಬಿಲ್’, ಏಪ್ರಿಲ್‌ನಲ್ಲಿ ‘ಮಾತೃ’, ಜುಲೈನಲ್ಲಿ ‘ಮಾಮ್’ ಬಂದಿದ್ದವು. ಸೇಡು ತೀರಿಸುವವನು ಒಂದರಲ್ಲಿ ಗಂಡ, ಉಳಿದೆರಡರಲ್ಲಿ ತಾಯಿ. ಅಚ್ಚು ಮಾತ್ರ ಒಂದೇ. ಅತ್ಯಾಚಾರ, ವ್ಯವಸ್ಥೆಯ ಸೋಲು, ಖಾಸಗಿ ಕೊಲೆ, ಪ್ರೇಕ್ಷಕರ ಚಪ್ಪಾಳೆ. ‘ಭೂಮಿ’ ಗಲ್ಲಾಪೆಟ್ಟಿಗೆಯಲ್ಲಿ ಸೋತಿತು. ಆದರೆ ಅಚ್ಚು ಸವೆಯಲಿಲ್ಲ. 2024ರ ಜೂನ್‌ನಲ್ಲಿ ಬಂದ ತಮಿಳಿನ ‘ಮಹಾರಾಜ’ ಮಗಳಿಗಾಗಿ ಸೇಡು ತೀರಿಸಿಕೊಳ್ಳುವ ಕ್ಷೌರಿಕ ತಂದೆಯ ಕಥೆಯಾಗಿ ಭಾರಿ ಯಶಸ್ಸು ಗಳಿಸಿತು. ಅದೇ ವರ್ಷದ ಡಿಸೆಂಬರ್‌ನಲ್ಲಿ ‘ಬೇಬಿ ಜಾನ್’ ಎಂಬ ಹಿಂದಿ ಚಿತ್ರ ಮತ್ತೊಬ್ಬ ತಂದೆಯನ್ನೂ ಪುಟ್ಟ ಮಗಳನ್ನೂ ಇಂಥದೇ ಹಾದಿಯಲ್ಲಿ ನಡೆಸಿತು.

ಆಗ್ರಾದ ಕಥೆಗೂ ಬೆಂಗಳೂರಿಗೂ ಏನು ಸಂಬಂಧವೆಂದು ಕೇಳುವವರಿರಬಹುದು. ವೈಟ್‌ಫೀಲ್ಡಿನ ಮಾಲುಗಳ ಬಹುಪರದೆ ಮಂದಿರಗಳಲ್ಲಿ, ಪೀಣ್ಯ, ಬೊಮ್ಮಸಂದ್ರಗಳ ಬಾಡಿಗೆ ಕೋಣೆಗಳ ಮೊಬೈಲ್ ಪರದೆಗಳಲ್ಲಿ ಹಿಂದಿ ಚಿತ್ರ ನೋಡುವವರ ಸಂಖ್ಯೆ ಸಾಮಾನ್ಯದ್ದಲ್ಲ. ಬಿಹಾರ, ಉತ್ತರಪ್ರದೇಶ, ಒಡಿಶಾಗಳಿಂದ ಬಂದ ಕಾರ್ಮಿಕರು, ಉತ್ತರ ಕರ್ನಾಟಕದಿಂದ ಬಂದ ಕುಟುಂಬಗಳು, ದೇಶದ ಎಲ್ಲ ಮೂಲೆಗಳ ತಂತ್ರಜ್ಞರು ಸೇರಿ ಬೆಳೆಸಿದ ಹೊರವಲಯವಿದು. ಹೆಣ್ಣುಮಕ್ಕಳ ದುಡಿಮೆಯಿಂದಲೇ ನಿಂತ ನಾಡೂ ಹೌದು. ಪೀಣ್ಯದ ಸಿದ್ಧ ಉಡುಪು ಕಾರ್ಖಾನೆಗಳಲ್ಲಿ ಹೊಲಿಗೆ ಯಂತ್ರದ ಮುಂದೆ ಕುಳಿತವರಲ್ಲಿ ಬಹುಪಾಲು ಸ್ತ್ರೀಯರು. ಆರ್.ಕೆ. ಬಾಳಿಗರ ದೂರದೃಷ್ಟಿಯಿಂದ ಕಿಯೋನಿಕ್ಸ್ ಸಂಸ್ಥೆ 1970ರ ದಶಕದ ಕೊನೆಯಲ್ಲಿ ಕಟ್ಟತೊಡಗಿದ ಎಲೆಕ್ಟ್ರಾನಿಕ್ ಸಿಟಿಯಲ್ಲಿ ಇಂದು ರಾತ್ರಿ ಪಾಳಿಯ ದೀಪ ಆರುವುದಿಲ್ಲ. ಅಲ್ಲಿ ದುಡಿಯುವ ಪ್ರತಿಯೊಬ್ಬ ಹೆಣ್ಣುಮಗಳ ಹಿಂದೆಯೂ ಗಡಿಯಾರ ನೋಡುತ್ತ ಕಾಯುವ ಒಬ್ಬ ತಂದೆಯೋ ತಾಯಿಯೋ ಇರುತ್ತಾರೆ. ಅವರ ಆತಂಕ ನಿಜವಾದದ್ದು. ಆ ನಿಜವಾದ ಆತಂಕಕ್ಕೆ ಸುಳ್ಳು ಮದ್ದು ಮಾರಲಾಗುತ್ತಿದೆ ಎಂಬುದೇ ಇಲ್ಲಿಯ ಆಕ್ಷೇಪ.

ಈ ವಲಯವು ಅಂಥ ದುಃಖವನ್ನು ಕಂಡಿಲ್ಲವೆಂದಲ್ಲ. 2005ರ ಡಿಸೆಂಬರ್‌ನಲ್ಲಿ ಹೊರಗುತ್ತಿಗೆ ಸಂಸ್ಥೆಯೊಂದರ ಯುವ ಉದ್ಯೋಗಿಯನ್ನು ರಾತ್ರಿ ಪಾಳಿಗೆ ಕರೆದೊಯ್ಯಲು ಬಂದವನಂತೆ ನಟಿಸಿ ವಾಹನ ಚಾಲಕನೊಬ್ಬನು ಅತ್ಯಾಚಾರವೆಸಗಿ ಕೊಂದನು. ಬೆಂಗಳೂರು ಬೆಚ್ಚಿತು. ಆದರೆ ಆ ಮನೆಯವರು ಕತ್ತಿ ಹಿಡಿಯಲಿಲ್ಲ. ಸುಮಾರು ಐದು ವರ್ಷ ನ್ಯಾಯಾಲಯದ ಮೆಟ್ಟಿಲು ಹತ್ತಿಳಿದರು. 2010ರಲ್ಲಿ ಅಪರಾಧಿಗೆ ಜೀವಾವಧಿ ಶಿಕ್ಷೆಯಾಯಿತು. ಅಷ್ಟೇ ಅಲ್ಲ, ರಾತ್ರಿ ದುಡಿಯುವ ಹೆಣ್ಣುಮಕ್ಕಳ ಕ್ಷೇಮಕ್ಕೆ ಸಂಸ್ಥೆಯ ಯಜಮಾನನು ಹೊಣೆಯೇ ಅಲ್ಲವೇ ಎಂಬ ಪ್ರಶ್ನೆಯೂ ಎದ್ದಿತು. ಆ ಸಂಸ್ಥೆಯ ಮುಖ್ಯಸ್ಥರ ಮೇಲೆ ಅಂಗಡಿ ಮತ್ತು ವಾಣಿಜ್ಯ ಸಂಸ್ಥೆಗಳ ಕಾಯಿದೆಯನ್ವಯ ಹೂಡಿದ ಮೊಕದ್ದಮೆಯನ್ನು ಆರಂಭದಲ್ಲೇ ರದ್ದುಪಡಿಸಲು 2008ರಲ್ಲಿ ಸುಪ್ರೀಂ ಕೋರ್ಟು ಒಪ್ಪಲಿಲ್ಲ. ಚಾಲಕರ ಪೂರ್ವಾಪರ ಪರಿಶೀಲನೆ, ವಾಹನದಲ್ಲಿ ಕಾವಲುಗಾರ, ಮೊದಲು ಹತ್ತುವವರೂ ಕೊನೆಗೆ ಇಳಿಯುವವರೂ ಹೆಣ್ಣಾಗಿರಬಾರದೆಂಬ ಕಟ್ಟಳೆ ಇವೆಲ್ಲ ಕಾರ್ಯರೂಪಕ್ಕೆ ಬಂದದ್ದರಲ್ಲಿ ಆ ಒಂದು ಮನೆಯ ಕಣ್ಣೀರಿನ ಪಾಲು ದೊಡ್ಡದು.

ಚಿತ್ರಕಥೆಗಾರನಿಗೆ ಇದರಲ್ಲಿ ಸ್ವಾರಸ್ಯ ಕಾಣದು. ಐದು ವರ್ಷ ನ್ಯಾಯಾಲಯದ ಬೆಂಚಿನ ಮೇಲೆ ಕುಳಿತ ಕುಟುಂಬವನ್ನು ತೋರಿಸಿದರೆ ಸಿಳ್ಳೆ ಬೀಳುವುದಿಲ್ಲ. ಆದರೆ ಇಂದು ರಾತ್ರಿ ಎರಡು ಗಂಟೆಗೆ ಮನೆ ಸೇರುವ ಸಾವಿರಾರು ಹೆಣ್ಣುಮಕ್ಕಳನ್ನು ಕಾಯುತ್ತಿರುವುದು ಆ ಬೆಂಚಿನ ತಾಳ್ಮೆಯೇ ಹೊರತು ಪರದೆಯ ಕತ್ತಿಯಲ್ಲ.

ಇಂಥ ಚಿತ್ರಗಳ ಪಕ್ಷ ವಹಿಸುವವರು ಸಾಮಾನ್ಯವಾಗಿ ಮೂರು ಮಾತು ಹೇಳುತ್ತಾರೆ. ಮೊದಲನೆಯದು, ನ್ಯಾಯಾಲಯವೇ ಕೈಬಿಟ್ಟಾಗ ತಂದೆ ಏನು ಮಾಡಬೇಕು ಎಂಬುದು. ನ್ಯಾಯಾಲಯಗಳು ಸೋಲುವುದುಂಟು, ವಿಳಂಬವಾಗುವುದುಂಟು. ಇದನ್ನು ಯಾರೂ ಅಲ್ಲಗಳೆಯಲಾರರು. ರಾಜಸ್ಥಾನದ ಭಟೇರಿ ಗ್ರಾಮದಲ್ಲಿ ಬಾಲ್ಯವಿವಾಹವನ್ನು ತಡೆಯಹೋದ ಸರ್ಕಾರದ ಸ್ತ್ರೀಕಲ್ಯಾಣ ಯೋಜನೆಯ ಕಾರ್ಯಕರ್ತೆ ಭಂವರೀದೇವಿಯವರ ಮೇಲೆ 1992ರ ಸೆಪ್ಟೆಂಬರ್‌ನಲ್ಲಿ ಸಾಮೂಹಿಕ ಅತ್ಯಾಚಾರ ನಡೆಯಿತು. 1995ರಲ್ಲಿ ಕೆಳಗಿನ ನ್ಯಾಯಾಲಯ ಆರೋಪಿಗಳನ್ನು ಅತ್ಯಾಚಾರದ ಆರೋಪದಿಂದ ಮುಕ್ತಗೊಳಿಸಿತು. ‘ಭೂಮಿ’ ಚಿತ್ರದ ಕಥೆ ಎಲ್ಲಿ ತಿರುವು ಪಡೆಯುವುದೋ ಸರಿಯಾಗಿ ಅದೇ ಸ್ಥಳದಲ್ಲಿ ಆ ತಾಯಿ ನಿಂತಿದ್ದರು. ಅವರು ಕೊಲ್ಲಲಿಲ್ಲ, ಸುಮ್ಮನೆ ಕೂಡಲೂ ಇಲ್ಲ. ಮಹಿಳಾ ಸಂಘಟನೆಗಳು ಸುಪ್ರೀಂ ಕೋರ್ಟಿಗೆ ಹೋದವು. 1997ರಲ್ಲಿ ವಿಶಾಖಾ ತೀರ್ಪು ಬಂದಿತು. ದುಡಿಯುವ ಸ್ಥಳದಲ್ಲಿ ಹೆಣ್ಣಿನ ಮಾನರಕ್ಷಣೆ ಮಾಲೀಕನ ಕರ್ತವ್ಯವೆಂದು ಅದು ಸಾರಿತು. 2013ರಲ್ಲಿ ಅದೇ ಕಾಯಿದೆಯಾಯಿತು. ಅನ್ಯಾಯ ಆಗಿಲ್ಲವೆಂದಲ್ಲ, ಆ ತಾಯಿಗೆ ದೊರೆಯಬೇಕಾದ ನ್ಯಾಯ ದೊರೆಯಲಿಲ್ಲ. ಆದರೂ ಆಕೆಯ ಹೋರಾಟ ದೇಶದ ಹೆಣ್ಣುಮಕ್ಕಳಿಗೆಲ್ಲ ಒಂದು ಛಾವಣಿಯನ್ನು ಕಟ್ಟಿಕೊಟ್ಟಿತು. ಪರದೆಯ ತಂದೆ ನಾಲ್ವರನ್ನು ಕೊಂದು ಯಾವ ಮಗಳಿಗೆ ಯಾವ ಛಾವಣಿ ಕಟ್ಟಿದನು?

ಇನ್ನೂ ಒಂದು ಮೋಸ ಇಲ್ಲಿದೆ. ಚಿತ್ರಮಂದಿರದಲ್ಲಿ ಕುಳಿತವನಿಗೆ ಅಪರಾಧಿ ಯಾರೆಂಬುದು ಮೊದಲೇ ಗೊತ್ತಿರುತ್ತದೆ. ನಿರ್ದೇಶಕನು ಅಪರಾಧವನ್ನು ಕಣ್ಣೆದುರಿಗೇ ತೋರಿಸಿರುತ್ತಾನೆ. ಆದುದರಿಂದ ಸೇಡು ನ್ಯಾಯವೆಂದೇ ತೋರುತ್ತದೆ. ಲೋಕದಲ್ಲಿ ಹಾಗೆ ಯಾರು ಕಂಡಿದ್ದಾರೆ? ಕೇವಲಜ್ಞಾನವು ಟಿಕೆಟ್ಟಿನೊಡನೆ ದೊರೆಯುವ ವಸ್ತುವಲ್ಲ. ಛದ್ಮಸ್ಥನ ತಿಳಿವು ಏಕದೇಶದ್ದು, ತಪ್ಪಬಹುದಾದದ್ದು ಎಂಬುದನ್ನು ಮರೆತ ಕ್ಷಣವೇ ಅನೇಕಾಂತವೂ ಹೋಯಿತು, ಅಹಿಂಸೆಯೂ ಹೋಯಿತು.

2014ರ ಜುಲೈನಲ್ಲಿ ಮಾರತಹಳ್ಳಿ ಭಾಗದ ಶಾಲೆಯೊಂದರಲ್ಲಿ ಆರು ವರ್ಷದ ಬಾಲಕಿಯ ಮೇಲೆ ದೌರ್ಜನ್ಯವಾದಾಗ ಸಾವಿರಾರು ತಂದೆತಾಯಿಯರು ಬೀದಿಗಿಳಿದರು. ಅವರ ನೋವು ನ್ಯಾಯವಾದದ್ದೇ. ಪೊಲೀಸರು ಮೊದಲು ಒಬ್ಬನನ್ನು ಬಂಧಿಸಿದರು. ಊರೆಲ್ಲ ಅವನ ಮೇಲೆ ತೀರ್ಪು ಕೊಟ್ಟಾಗಿತ್ತು. ಕೆಲವೇ ದಿನಗಳಲ್ಲಿ ಅದೇ ಪ್ರಕರಣದಲ್ಲಿ ಬೇರೆ ಇಬ್ಬರ ಬಂಧನವಾಯಿತು. ಆ ನಡುವಿನ ದಿನಗಳಲ್ಲಿ ಯಾರಾದರೂ ಚಿತ್ರದ ತಂದೆಯಂತೆ ಕೈಗೆ ಸಿಕ್ಕವನ ಮೇಲೆ ಬಿದ್ದಿದ್ದರೆ ಏನಾಗುತ್ತಿತ್ತು ಎಂದು ಯೋಚಿಸಬೇಕು. 2018ರ ಮೇ ತಿಂಗಳಲ್ಲಿ ಬೆಂಗಳೂರಿನ ಕಾಟನ್‌ಪೇಟೆ ಪರಿಸರದಲ್ಲಿ ಆಗಿಯೇ ಹೋಯಿತು. ಮಕ್ಕಳ ಕಳ್ಳರು ಬಂದಿದ್ದಾರೆಂಬ ವಾಟ್ಸಾಪ್ ವದಂತಿಯನ್ನು ನಂಬಿ, ಹೊಟ್ಟೆಪಾಡಿಗಾಗಿ ರಾಜಸ್ಥಾನದಿಂದ ಬಂದಿದ್ದ ಯುವಕನೊಬ್ಬನನ್ನು ಜನರು ಕೈಕಟ್ಟಿ, ಎಳೆದಾಡಿ, ಬಡಿದು ಕೊಂದರು. ಎರಡು ತಿಂಗಳೊಳಗೆ ಬೀದರ್ ಜಿಲ್ಲೆಯ ಮುರ್ಕಿ ಗ್ರಾಮದಲ್ಲಿ, ಮಕ್ಕಳಿಗೆ ಚಾಕಲೇಟ್ ಕೊಟ್ಟ ಕಾರಣಕ್ಕೆ ಹೈದರಾಬಾದಿನ ತಂತ್ರಜ್ಞನೊಬ್ಬನು ಹಾಗೆಯೇ ಗುಂಪಿಗೆ ಬಲಿಯಾದನು. ಕೊಂದವರೆಲ್ಲರೂ ತಾವು ಮಕ್ಕಳನ್ನು ಕಾಯುತ್ತಿದ್ದೇವೆಂದೇ ಭಾವಿಸಿದ್ದರು. ಅವರವರ ಮನಸ್ಸಿನ ಪರದೆಯಲ್ಲಿ ಅವರೆಲ್ಲರೂ ನಾಯಕರೇ ಆಗಿದ್ದರು.

2019ರ ಡಿಸೆಂಬರ್‌ನಲ್ಲಿ ಹೈದರಾಬಾದಿನ ಬಳಿ ಪಶುವೈದ್ಯೆಯೊಬ್ಬರ ಅತ್ಯಾಚಾರ ಹಾಗೂ ಕೊಲೆಯ ನಾಲ್ವರು ಆರೋಪಿಗಳು ಪೊಲೀಸರ ಗುಂಡಿಗೆ ಬಲಿಯಾದಾಗ ಜನ ಪೊಲೀಸರ ಮೇಲೆ ಹೂಮಳೆಗರೆದರು, ಸಿಹಿ ಹಂಚಿದರು. ನ್ಯಾಯಮೂರ್ತಿ ಸಿರ್ಪುರ್ಕರ್ ಅವರ ನೇತೃತ್ವದಲ್ಲಿ ಸುಪ್ರೀಂ ಕೋರ್ಟು ನೇಮಿಸಿದ ಆಯೋಗದ ವರದಿ 2022ರಲ್ಲಿ ಬಹಿರಂಗವಾಯಿತು. ಕೊಲ್ಲುವ ಉದ್ದೇಶದಿಂದಲೇ ಗುಂಡು ಹಾರಿಸಲಾಗಿತ್ತೆಂದೂ ಸತ್ತವರಲ್ಲಿ ಮೂವರು ಅಪ್ರಾಪ್ತ ವಯಸ್ಕರೆಂದೂ ಆಯೋಗ ಅಭಿಪ್ರಾಯಪಟ್ಟಿತು. ಅವರು ಅಪರಾಧಿಗಳಾಗಿದ್ದರೇ ಇಲ್ಲವೇ ಎಂಬುದನ್ನು ಯಾವ ನ್ಯಾಯಾಲಯವೂ ಇನ್ನು ಹೇಳಲಾರದು. ಎರಚಿದ ಹೂವನ್ನು ಹಿಂದಕ್ಕೆ ಆಯ್ದುಕೊಳ್ಳಲು ಬರುವುದಿಲ್ಲ.

ಎರಡನೆಯ ವಾದ ಧರ್ಮದ ಹೆಸರಿನಲ್ಲಿ ಬರುತ್ತದೆ. ಗೃಹಸ್ಥನಿಗೆ ವಿರೋಧೀ ಹಿಂಸೆ ಅನಿವಾರ್ಯವೆಂದು ಶಾಸ್ತ್ರವೇ ಹೇಳಿದೆಯಲ್ಲ. ಗಂಗರ ಸೇನಾನಿ ಚಾವುಂಡರಾಯನು ಕತ್ತಿ ಹಿಡಿಯಲಿಲ್ಲವೇ. ಮಗಳ ಮಾನಕ್ಕಾಗಿ ಕೈಯೆತ್ತದ ಅಹಿಂಸೆ ಹೇಡಿತನವಲ್ಲವೇ ಎಂದು ಸಮಾಜದ ತರುಣರೇ ಕೇಳುವುದುಂಟು. ಪ್ರಶ್ನೆ ಯೋಗ್ಯವಾದದ್ದು, ಉತ್ತರವೂ ಸ್ಪಷ್ಟವಾಗಿರಬೇಕು. ಸಂಕಲ್ಪೀ, ಆರಂಭೀ, ಉದ್ಯೋಗೀ, ವಿರೋಧೀ ಎಂದು ಹಿಂಸೆಯನ್ನು ನಾಲ್ಕು ಬಗೆಯಾಗಿ ವಿಂಗಡಿಸಲಾಗಿದೆ. ಅಡುಗೆ, ಮನೆವಾರ್ತೆ, ಕೃಷಿ, ವಾಣಿಜ್ಯಗಳಲ್ಲಿ ತಪ್ಪಿಸಲಾಗದೆ ಆಗುವುದನ್ನೂ, ಮೇಲೆ ಬಿದ್ದ ಆಕ್ರಮಣಕಾರನನ್ನು ತಡೆಯುವಾಗ ಆಗುವುದನ್ನೂ ಶ್ರಾವಕನು ಪೂರ್ಣವಾಗಿ ಬಿಡಲಾರನು. ಆದರೆ ಸಂಕಲ್ಪೀ ಹಿಂಸೆಯನ್ನು ಅವನು ಬಿಡಲೇಬೇಕು. ಮಗಳ ಮೇಲೆ ಕೈಮಾಡಲು ಬಂದವನನ್ನು ಆ ಕ್ಷಣದಲ್ಲಿ ತಡೆದು ಹೊಡೆದ ತಂದೆಯನ್ನು ಯಾವ ಆಚಾರ್ಯರೂ ಹೇಡಿಯಾಗಿರೆಂದು ಬೋಧಿಸಿಲ್ಲ. ನಾಡಿನ ದಂಡಸಂಹಿತೆಯೂ ಆತ್ಮರಕ್ಷಣೆಯ ಹಕ್ಕನ್ನು ಮನ್ನಿಸುತ್ತದೆ. ಚಿತ್ರದ ತಂದೆ ಮಾಡುವುದು ಅದಲ್ಲ. ಆಕ್ರಮಣ ಮುಗಿದ ಎಷ್ಟೋ ದಿನಗಳ ತರುವಾಯ ಹೊಂಚು ಹಾಕಿ, ಹಿಡಿದು, ನೋಯಿಸಿ, ನೋವನ್ನು ನೋಡಿ ತೃಪ್ತಿಪಡುತ್ತಾನೆ. ಇದು ವಿರೋಧಿಯ ವೇಷ ತೊಟ್ಟ ಸಂಕಲ್ಪೀ ಹಿಂಸೆ. ಚಾವುಂಡರಾಯನು ರಣರಂಗದಲ್ಲಿ ಕತ್ತಿ ಹಿಡಿದನು. ಆದರೆ ಬೆಟ್ಟದ ಮೇಲೆ ಮಾಡಿಸಿ ನಿಲ್ಲಿಸಿದ್ದು ಗೆದ್ದ ರಾಜನ ಮೂರ್ತಿಯನ್ನಲ್ಲ, ಅಣ್ಣನನ್ನು ಎತ್ತಿ ಹಿಡಿದೂ ನೆಲಕ್ಕಪ್ಪಳಿಸದೆ ಗೆಲುವನ್ನೇ ತೊರೆದ ಬಾಹುಬಲಿಯ ಮೂರ್ತಿಯನ್ನು. ಕತ್ತಿಯ ಮಿತಿಯನ್ನು ಅರಿತವನಿಗೆ ಮಾತ್ರ ಕತ್ತಿ ಹಿಡಿಯುವ ಅರ್ಹತೆ.

ಮೂರನೆಯ ವಾದ ಎಲ್ಲಕ್ಕಿಂತ ಹಗುರವಾದದ್ದು, ಆದುದರಿಂದಲೇ ಎಲ್ಲಕ್ಕಿಂತ ಹೆಚ್ಚಾಗಿ ಕೇಳಿಬರುವಂಥದು. ಅದು ಬರಿಯ ಸಿನಿಮಾ, ರಕ್ತ ಬರಿಯ ಬಣ್ಣ, ಸತ್ತವನು ಸಂಜೆ ಮನೆಗೆ ಹೋಗಿ ಊಟ ಮಾಡುತ್ತಾನೆ, ಇದರಲ್ಲೆಂಥ ಪಾಪ ಎಂಬುದು. ಕನ್ನಡ ನಾಡಿನ ಶ್ರಾವಕರಿಗೆ ಈ ಪ್ರಶ್ನೆ ಹೊಸದಾಗಬಾರದು. 1209ರಲ್ಲಿ ಜನ್ನನು ‘ಯಶೋಧರ ಚರಿತೆ’ಯನ್ನು ಬರೆದದ್ದೇ ಈ ಪ್ರಶ್ನೆಗೆ ಉತ್ತರವಾಗಿ ಎನ್ನಬಹುದು. ಯಶೋಧರನು ಜೀವವಿದ್ದ ಕೋಳಿಯನ್ನು ಕೊಲ್ಲಲೊಪ್ಪಲಿಲ್ಲ. ತಾಯಿ ಚಂದ್ರಮತಿಯ ಒತ್ತಾಯಕ್ಕೆ ಮಣಿದು ಹಿಟ್ಟಿನ ಕೋಳಿಯನ್ನು ಕಡಿದನು. ಹಿಟ್ಟಿಗೆಂಥ ಪ್ರಾಣ? ಆದರೂ ಕೊಲ್ಲುವ ಸಂಕಲ್ಪ ಅಲ್ಲಿದ್ದುದರಿಂದ ತಾಯಿಮಗ ಇಬ್ಬರೂ ಭವಭವಗಳಲ್ಲಿ ಪಶುಪಕ್ಷಿಗಳಾಗಿ ಹುಟ್ಟಿ ತಾವೇ ಕೊಲೆಗೀಡಾದರು. ಬೆಳ್ಳಿತೆರೆಯ ರಕ್ತವು ಈ ಕಾಲದ ಹಿಟ್ಟಿನ ಕೋಳಿ. ಅಲ್ಲಿ ಸತ್ತವನಿಗೆ ಪ್ರಾಣಹಾನಿಯಾಗುವುದಿಲ್ಲ. ನೋಡುವವನ ಭಾವಕ್ಕೆ ಆಗುವ ಹಾನಿ ಮಾತ್ರ ಬಣ್ಣದ್ದಲ್ಲ. ಕಷಾಯಕ್ಕೆ ವಶನಾದವನು ಇನ್ನೊಬ್ಬರನ್ನು ಕೊಲ್ಲುವ ಮೊದಲೇ ತನ್ನ ಆತ್ಮವನ್ನು ಘಾತಿಸಿಕೊಳ್ಳುತ್ತಾನೆ ಎಂಬುದು ಅಮೃತಚಂದ್ರಸೂರಿಗಳ ‘ಪುರುಷಾರ್ಥಸಿದ್ಧ್ಯುಪಾಯ’ದ ತಿರುಳು.

ಕೃತ, ಕಾರಿತ, ಅನುಮೋದನೆ ಎಂದು ಆಸ್ರವದ ಮೂರು ದಾರಿಗಳನ್ನು ಹೇಳುವಾಗ ಆಚಾರ್ಯರು ಮೂರನೆಯದನ್ನು ಕೈಬಿಟ್ಟಿಲ್ಲ. ಮಾಡಿದವನಿಗೂ ಮಾಡಿಸಿದವನಿಗೂ ಇರುವಂತೆ ಮೆಚ್ಚಿದವನಿಗೂ ಪಾಲುಂಟು. ಖಳನ ಕೈಕಾಲು ಕಡಿದಾಗ ಸೀಟಿನಲ್ಲಿ ಕುಳಿತವನು ಹಾಕುವ ಸಿಳ್ಳೆ ಅನುಮೋದನೆಯಲ್ಲದೆ ಮತ್ತೇನು? ಸಮಂತಭದ್ರಾಚಾರ್ಯರು ‘ರತ್ನಕರಂಡಕ ಶ್ರಾವಕಾಚಾರ’ದಲ್ಲಿ ಅನರ್ಥದಂಡದ ಐದು ಬಗೆಗಳನ್ನು ಹೇಳಿದ್ದಾರೆ. ಪರರ ವಧೆ, ಬಂಧನ, ಛೇದನಗಳನ್ನು ದ್ವೇಷದಿಂದ ಮನಸ್ಸಿನಲ್ಲಿ ಚಿಂತಿಸುವುದು ಅಪಧ್ಯಾನ. ಮನಸ್ಸನ್ನು ಕಲುಷಿತಗೊಳಿಸುವ ಕಥೆಗಳಿಗೆ ಕಿವಿಗೊಡುವುದು ದುಃಶ್ರುತಿ. ಕಿವಿಯೊಡನೆ ಕಣ್ಣನ್ನೂ ಸೇರಿಸಿದರೆ ಇಂದಿನ ಚಿತ್ರಮಂದಿರದ ವರ್ಣನೆ ಪೂರ್ಣವಾಗುತ್ತದೆ. ಹಿಂಸೆಯಲ್ಲಿ ಆನಂದಪಡುವುದಕ್ಕೆ ಶಾಸ್ತ್ರವು ಹಿಂಸಾನಂದವೆಂಬ ರೌದ್ರಧ್ಯಾನದ ಹೆಸರನ್ನೇ ಕೊಟ್ಟಿದೆ. ಮನೆಮಂದಿಯೆಲ್ಲ ಕೂಡಿ ನೋಡಬಹುದಾದ ತಂದೆ-ಮಗಳ ಚಿತ್ರವೆಂದು ಮಕ್ಕಳನ್ನು ಕರೆದೊಯ್ದು ಎರಡೂವರೆ ಗಂಟೆ ರೌದ್ರಧ್ಯಾನದಲ್ಲಿ ಕೂರಿಸಿ ಬರುವ ಶ್ರಾವಕನು, ಮರುದಿನ ಬಸದಿಯ ಪಾಠಶಾಲೆಗೆ ಅವರನ್ನು ಕಳುಹಿಸಿ ಯಾವ ಲೆಕ್ಕ ಸರಿದೂಗಿಸಬಲ್ಲನು?

ಇಷ್ಟಾಗಿಯೂ ಈ ಚಿತ್ರಗಳ ಅತಿ ದೊಡ್ಡ ಅನ್ಯಾಯ ಆಗುವುದು ಯಾರಿಗೆ ಅವು ಸಮರ್ಪಿತವೆಂದು ಹೇಳಲಾಗುತ್ತಿದೆಯೋ ಆ ಮಗಳಿಗೇ. ರಾಷ್ಟ್ರೀಯ ಅಪರಾಧ ದಾಖಲೆಗಳ ಕೇಂದ್ರದ ವಾರ್ಷಿಕ ವರದಿಗಳ ಪ್ರಕಾರ ಅತ್ಯಾಚಾರದ ಹತ್ತು ಪ್ರಕರಣಗಳಲ್ಲಿ ಒಂಬತ್ತಕ್ಕೂ ಮಿಕ್ಕಿ ಆರೋಪಿಯು ಸಂತ್ರಸ್ತೆಗೆ ಪರಿಚಿತನೇ ಆಗಿರುತ್ತಾನೆ: ಬಂಧು, ನೆರೆಯವ, ಮೇಲ್ವಿಚಾರಕ, ಮದುವೆಯ ಮಾತು ಕೊಟ್ಟವನು. ಅಂದರೆ ಹೆಣ್ಣುಮಗಳಿಗೆ ಮೊಟ್ಟಮೊದಲು ಬೇಕಾದದ್ದು ಬಾಯಿಬಿಟ್ಟು ಹೇಳಬಲ್ಲ ಒಂದು ಮನೆ. ಪೀಣ್ಯದ ಕಾರ್ಖಾನೆಯಲ್ಲಿ ಮೇಲ್ವಿಚಾರಕನ ಕೆಟ್ಟ ಮಾತು ಕೇಳಿದ ಹುಡುಗಿ, ಎಲೆಕ್ಟ್ರಾನಿಕ್ ಸಿಟಿಯ ಬಸ್ಸಿನಲ್ಲಿ ಮೈಮುಟ್ಟಿಸಿಕೊಂಡ ತರುಣಿ, ಸಂಜೆ ಮನೆಗೆ ಬಂದು ತಂದೆಗೆ ಏಕೆ ಹೇಳುವುದಿಲ್ಲ? ಹೇಳಿದರೆ ಅಪ್ಪ ಜಗಳಕ್ಕೆ ಹೋಗಿ ಸೆರೆಮನೆ ಸೇರುತ್ತಾರೆ, ಇಲ್ಲವೇ ನಾಳೆಯಿಂದ ಕೆಲಸಕ್ಕೆ ಹೋಗಬೇಡವೆನ್ನುತ್ತಾರೆ ಎಂಬ ಭಯ. ಕೋಪಿಷ್ಠನಾದ ತಂದೆಗೆ ಮಗಳು ಸತ್ಯ ಹೇಳಲಾರಳು. ತಂದೆಯ ಕೋಪವನ್ನೇ ಪ್ರೀತಿಯ ಅಳತೆಗೋಲು ಮಾಡುವ ಪ್ರತಿಯೊಂದು ಚಿತ್ರವೂ ಮಗಳ ಬಾಯಿಗೆ ಇನ್ನೊಂದು ಬೀಗ ಹಾಕುತ್ತದೆ. ತನ್ನ ದುಃಖದ ಜೊತೆಗೆ ತಂದೆಯ ಸೇಡಿನ ಭಾರವನ್ನೂ ಅವಳೇ ಹೊರಬೇಕಾಗುತ್ತದೆ.

ಕನ್ನಡದಲ್ಲಿ 2014ರಲ್ಲಿ ಬಂದ ‘ದೃಶ್ಯ’ದಲ್ಲಿ ರವಿಚಂದ್ರನ್ ಅವರ ಪಾತ್ರವು ಕೊಲ್ಲುವುದಿಲ್ಲ, ಆದರೆ ಮಗಳನ್ನು ಉಳಿಸಲು ಸುಳ್ಳಿನ ಕೋಟೆಯನ್ನೇ ಕಟ್ಟುತ್ತದೆ, ಪ್ರೇಕ್ಷಕರು ಆ ಕೋಟೆಯ ಕುಶಲತೆಗೆ ತಲೆದೂಗುತ್ತಾರೆ. ಹಿಂಸಾನಂದವಲ್ಲವಾದರೆ ಅದು ಮೃಷಾನಂದ. ಇವೆಲ್ಲಕ್ಕೆ ವಿರುದ್ಧವಾಗಿ 2022ರಲ್ಲಿ ತಮಿಳಿನಲ್ಲಿ ತಯಾರಾಗಿ ಕನ್ನಡದಲ್ಲೂ ತೆರೆಕಂಡ ‘ಗಾರ್ಗಿ’ ನಿಲ್ಲುತ್ತದೆ. ಬಾಲಕಿಯ ಮೇಲಿನ ಅತ್ಯಾಚಾರದ ಆರೋಪ ಹೊತ್ತ ತಂದೆಯನ್ನು ಬಿಡಿಸಲು ಮಗಳು ಪ್ರಾಣವನ್ನೇ ಪಣವಾಗಿಟ್ಟು ಹೋರಾಡುತ್ತಾಳೆ. ತಂದೆಯೂ ತಪ್ಪಿತಸ್ಥನೆಂಬುದು ಕೊನೆಗೆ ತಿಳಿದಾಗ ಅವಳು ನೊಂದ ಮಗುವಿನ ಪಕ್ಷಕ್ಕೆ ನಿಲ್ಲುತ್ತಾಳೆ. ಸಾಯಿ ಪಲ್ಲವಿಯವರು ಅಭಿನಯಿಸಿದ ಆ ಪಾತ್ರದಲ್ಲಿ ಪಿತೃಭಕ್ತಿಗೆ ಕೊರತೆಯಿಲ್ಲ. ಆದರೆ ಭಕ್ತಿಯು ಸತ್ಯದ ಮುಂದೆ ತಲೆಬಾಗುತ್ತದೆ. ತಂದೆ-ಮಗಳ ಪ್ರೀತಿಯನ್ನು ರಕ್ತವಿಲ್ಲದೆಯೂ ಎದೆ ನಡುಗುವಂತೆ ಹೇಳಬಹುದೆಂಬುದಕ್ಕೆ ಬೇರೆ ಪ್ರಮಾಣ ಬೇಡ.

ಇನ್ನೂ ಹಿಂದಕ್ಕೆ ಹೋದರೆ, 941ರ ಪಂಪನ ‘ಆದಿಪುರಾಣ’ದಲ್ಲಿ ಸ್ವಯಂ ಆದಿನಾಥನೇ ಇಬ್ಬರು ಹೆಣ್ಣುಮಕ್ಕಳ ತಂದೆಯಾಗಿ ಕಾಣಿಸಿಕೊಳ್ಳುತ್ತಾನೆ. ಬ್ರಾಹ್ಮಿಗೆ ಅಕ್ಷರವನ್ನೂ ಸುಂದರಿಗೆ ಅಂಕವನ್ನೂ ತಾನೇ ಕಲಿಸುತ್ತಾನೆ. ಕರ್ಮಭೂಮಿಯ ಮೊದಲ ಪಾಠಶಾಲೆ ತಂದೆಯ ಮಡಿಲು; ಮೊದಲ ವಿದ್ಯಾರ್ಥಿಗಳು ಹೆಣ್ಣುಮಕ್ಕಳು. ಅಸಿವಿದ್ಯೆಯನ್ನು ಲೋಕಕ್ಕೆ ಕಲಿಸಿದವನೂ ಅವನೇ. ಆದರೂ ಮಗಳ ಕೈಗೆ ಆ ತಂದೆ ಕೊಟ್ಟದ್ದು ಅಕ್ಷರವನ್ನು. ಮಗಳಿಗೆ ಭಕ್ತನಾದ ತಂದೆಯ ಆದರ್ಶ ಇಷ್ಟು ಸಮೀಪದಲ್ಲಿರುವಾಗ ಆಗ್ರಾದ ಅಂಗಡಿಯವನನ್ನೇಕೆ ಹುಡುಕಿಕೊಂಡು ಹೋಗಬೇಕು?

ಆದರೆ ಚಿತ್ರವನ್ನು ನಿಂದಿಸಿ ಕೈತೊಳೆದುಕೊಂಡರೆ ಅದೂ ಒಂದು ಬಗೆಯ ಸುಲಭದ ಸೇಡೇ ಆಗುತ್ತದೆ. ಪ್ರಶ್ನೆ ಸಮಾಜಬಾಂಧವರ ಗಲ್ಲಾದ ಬಳಿಗೂ ಬರಬೇಕು. ಪೀಣ್ಯ, ಬೊಮ್ಮಸಂದ್ರ, ವೈಟ್‌ಫೀಲ್ಡುಗಳಲ್ಲಿ ಕಾರ್ಖಾನೆ, ಗೋದಾಮು, ಸಗಟು ಮಳಿಗೆ ನಡೆಸುವ ಶ್ರಾವಕರು ಕಡಮೆಯೇನಿಲ್ಲ. ಹತ್ತು ಅಥವಾ ಹೆಚ್ಚು ಮಂದಿ ದುಡಿಯುವ ಪ್ರತಿಯೊಂದು ಸ್ಥಳದಲ್ಲೂ 2013ರ ಕಾಯಿದೆಯ ಪ್ರಕಾರ ಆಂತರಿಕ ಸಮಿತಿ ಇರಬೇಕು. ಹಿರಿಯ ಮಹಿಳೆಯೇ ಅದರ ಅಧ್ಯಕ್ಷೆಯಾಗಿರಬೇಕು. ಸದಸ್ಯರಲ್ಲಿ ಅರ್ಧದಷ್ಟಾದರೂ ಹೆಣ್ಣುಮಕ್ಕಳಿರಬೇಕು. ಹೊರಗಿನ ಒಬ್ಬ ಸದಸ್ಯರಿರಬೇಕು. ವಿಚಾರಣೆ ತೊಂಬತ್ತು ದಿನಗಳಲ್ಲಿ ಮುಗಿಯಬೇಕು. ತಪ್ಪಿದ ಮಾಲೀಕನಿಗೆ ಐವತ್ತು ಸಾವಿರ ರೂಪಾಯಿಯವರೆಗೆ ದಂಡವುಂಟು. ಚಿತ್ರ ನೋಡಿ ಕಣ್ಣೊರೆಸಿಕೊಂಡ ಮಾಲೀಕರಲ್ಲಿ ಎಷ್ಟು ಮಂದಿಯ ಸಂಸ್ಥೆಯಲ್ಲಿ ಆ ಸಮಿತಿ ಇದೆ? ಇದ್ದರೂ ಅದು ಗೋಡೆಯ ಮೇಲಿನ ಕಾಗದವೋ, ಹೆಣ್ಣುಮಗಳೊಬ್ಬಳು 'ಅಣ್ಣ, ಹೀಗಾಯಿತು' ಎಂದು ಹೆದರದೆ ಬಂದು ಹೇಳುವಂಥ ಬಾಗಿಲೋ? ಕಾರ್ಖಾನೆಯಿಂದ ಬಸ್ ನಿಲ್ದಾಣದವರೆಗಿನ ಹಾದಿಯಲ್ಲಿ ದೀಪವಿದೆಯೇ? ಪಾಳಿ ಮುಗಿಸಿದವಳನ್ನು ಮನೆ ತಲುಪಿಸುವ ವಾಹನದ ಖರ್ಚನ್ನು ಉಳಿತಾಯದ ಖಾತೆಯಲ್ಲಿ ಹುಡುಕುತ್ತಿಲ್ಲ ತಾನೆ?

ಹಸಿರು ಮೆಟ್ರೊ 2014ರಲ್ಲಿ ಪೀಣ್ಯವನ್ನು ಮುಟ್ಟಿತು. ನೇರಳೆ ಮಾರ್ಗ 2023ರಲ್ಲಿ ವೈಟ್‌ಫೀಲ್ಡನ್ನು ಮುಟ್ಟಿತು. ಹಳದಿ ಮಾರ್ಗ 2025ರ ಆಗಸ್ಟ್‌ನಲ್ಲಿ ಎಲೆಕ್ಟ್ರಾನಿಕ್ ಸಿಟಿಯ ಮೂಲಕ ಬೊಮ್ಮಸಂದ್ರವನ್ನು ಮುಟ್ಟಿತು. ಬೆಳಕಿರುವ ನಿಲ್ದಾಣ, ಹೊತ್ತಿಗೆ ಬರುವ ವಾಹನ, ದೂರು ಕೇಳುವ ಸಮಿತಿ, ಸಾಕ್ಷಿಯನ್ನು ಜೋಪಾನ ಮಾಡುವ ಪೊಲೀಸು, ಇವು ಯಾವ ಚಿತ್ರದಲ್ಲೂ ನಾಯಕರಾಗುವುದಿಲ್ಲ. ಮಗಳನ್ನು ಕ್ಷೇಮವಾಗಿ ಮನೆಗೆ ಕರೆತರುವವು ಮಾತ್ರ ಇವೇ. ಇವುಗಳಿಗಾಗಿ ಅರ್ಜಿ ಬರೆಯುವ, ಸಭೆಗೆ ಹೋಗುವ, ತೆರಿಗೆ ಕಟ್ಟುವ ತಂದೆಯೇ ನಿಜವಾದ ಭಕ್ತ.

ಕೊನೆಯದಾಗಿ ಒಂದು ಮಾತು. ಇಂಥ ಚಿತ್ರಗಳಲ್ಲಿ ಮಗಳ ತಂದೆಯನ್ನು ಮಾತ್ರ ತೋರಿಸುತ್ತಾರೆ. ಖಳರ ತಂದೆಯರು ಎಲ್ಲಿದ್ದಾರೆಂದು ಯಾರೂ ಕೇಳುವುದಿಲ್ಲ. ಅವರಿಗೂ ಮನೆಯಿತ್ತು, ಅಲ್ಲಿಯೂ ಯಾರೋ ಒಬ್ಬ ತಂದೆ, ಗಂಡು ಹುಡುಗ ಹಾಗೆಯೇ ಎಂದು ನಕ್ಕು ಸುಮ್ಮನಾಗಿದ್ದನು. ಮಗಳನ್ನು ಕಾಯುವ ವ್ರತ ಮಗನನ್ನು ತಿದ್ದುವಲ್ಲಿ ಆರಂಭವಾಗಬೇಕು. ಬೇಡವೆಂದ ಹೆಣ್ಣಿನ ಮಾತನ್ನು ಮನ್ನಿಸುವುದನ್ನು ಮಗನಿಗೆ ಕಲಿಸಿದ ತಂದೆಯು, ತಾನೆಂದೂ ಕಾಣದ ಯಾವುದೋ ಮನೆಯ ಮಗಳಿಗೆ ಅಭಯದಾನ ಕೊಟ್ಟಂತೆ. ಆಹಾರ, ಔಷಧ, ಶಾಸ್ತ್ರ, ಅಭಯ ಎಂಬ ನಾಲ್ಕು ದಾನಗಳಲ್ಲಿ ಮೊದಲ ಮೂರಕ್ಕೆ ಸಮಾಜವು ಹಣವನ್ನು ಧಾರಾಳವಾಗಿ ಕೊಡುತ್ತ ಬಂದಿದೆ. ನಾಲ್ಕನೆಯದನ್ನು ಹಣದಿಂದ ಕೊಡಲು ಬರುವುದಿಲ್ಲ. ಅದನ್ನು ಮನೆಯಲ್ಲಿ ಮಗನಿಗೆ ಕಲಿಸಿ, ಅಂಗಡಿಯಲ್ಲಿ ನಡೆಸಿ ತೋರಿಸಿ ಕೊಡಬೇಕು.